ಭೂಸ್ವಾಧೀನ ಪರಿಹಾರ: ಪ್ರಶ್ನಿಸುವ ಹಕ್ಕು ಮತ್ತು ಕಾಲಮಿತಿ

ಸಾರ್ವಜನಿಕ ಉದ್ದೇಶಕ್ಕಾಗಿ ಸರ್ಕಾರವು ಖಾಸಗಿ ಜಮೀನನ್ನು ಸ್ವಾಧೀನಪಡಿಸಿಕೊಂಡಾಗ, ಭೂಸ್ವಾಧೀನಾಧಿಕಾರಿ ನಿಗದಿಪಡಿಸುವ ಪರಿಹಾರವೇ ಕೊನೆಯ ಮಾತಲ್ಲ. ಕಾನೂನಿನ ದೃಷ್ಟಿಯಲ್ಲಿ ಅಧಿಕಾರಿಯ ಐತೀರ್ಪು ಸರ್ಕಾರ ಮುಂದಿಡುವ ಬೆಲೆ ಮಾತ್ರ. ಅದನ್ನು ಪ್ರಶ್ನಿಸುವ ಹಕ್ಕು ಭೂಮಾಲೀಕರಿಗಿದೆ. ಆದರೆ ಆ ಹಕ್ಕು ಉಳಿಯುವುದೂ ಕೈತಪ್ಪುವುದೂ ಬಹುತೇಕ ಐತೀರ್ಪಿನ ನಂತರದ ಕೆಲವೇ ವಾರಗಳಲ್ಲಿ ನಿರ್ಧಾರವಾಗುತ್ತದೆ.

1894ರ ಭೂಸ್ವಾಧೀನ ಕಾಯ್ದೆಯ ಬದಲಿಗೆ 2013ರ ಕಾಯ್ದೆಯು 2014ರ ಜನವರಿ 1ರಿಂದ ಜಾರಿಯಲ್ಲಿದೆ. ಇದರ ಪ್ರಕಾರ ಮಾರುಕಟ್ಟೆ ಮೌಲ್ಯವನ್ನು ಗ್ರಾಮೀಣ ಪ್ರದೇಶದಲ್ಲಿ ಒಂದರಿಂದ ಎರಡರವರೆಗಿನ ಅಂಶದಿಂದ ಗುಣಿಸಿ, ಜಮೀನಿನ ಮೇಲಿನ ಕಟ್ಟಡ, ಮರ ಮುಂತಾದವುಗಳ ಬೆಲೆ ಕೂಡಿಸಿ, ಬಂದ ಮೊತ್ತಕ್ಕೆ ಶೇ 100ರಷ್ಟು ಸಾಂತ್ವನ ಧನ ಸೇರಿಸಬೇಕು.

ಮೊದಲ ಎಚ್ಚರಿಕೆ: ಹಣ ಪಡೆಯುವಾಗ 'ಆಕ್ಷೇಪಣೆಗೆ ಒಳಪಟ್ಟು' ಎಂದು ಲಿಖಿತವಾಗಿ ದಾಖಲಿಸುವುದು ಕ್ಷೇಮ. ಆಕ್ಷೇಪಣೆಯಿಲ್ಲದೆ ಹಣ ಪಡೆದವರು 64ನೇ ಕಲಮಿನಡಿ ಹೆಚ್ಚಿನ ಪರಿಹಾರ ಕೋರಿ ಅರ್ಜಿ ಸಲ್ಲಿಸುವಂತಿಲ್ಲ.

ಎರಡನೆಯದು ಕಾಲಮಿತಿ. ಐತೀರ್ಪಿನ ವೇಳೆ ಹಾಜರಿದ್ದವರು ಆರು ವಾರಗಳೊಳಗೆ ಅರ್ಜಿ ಸಲ್ಲಿಸಬೇಕು. ಉಳಿದವರಿಗೆ ನೋಟಿಸು ತಲುಪಿದ ಆರು ವಾರ ಅಥವಾ ಐತೀರ್ಪಿನ ದಿನದಿಂದ ಆರು ತಿಂಗಳು, ಇವೆರಡರಲ್ಲಿ ಯಾವುದು ಮೊದಲೋ ಅದೇ ಗಡುವು. ಸಕಾರಣವಿದ್ದಲ್ಲಿ ಮತ್ತೊಂದು ವರ್ಷದವರೆಗೆ ವಿಳಂಬವನ್ನು ಮನ್ನಿಸಲು ಅವಕಾಶವಿದೆ.

ಅರ್ಜಿ ಸಲ್ಲಿಸಬೇಕಾದುದು ನೇರವಾಗಿ ನ್ಯಾಯಾಲಯಕ್ಕಲ್ಲ, ಕಲೆಕ್ಟರ್ ಅಧಿಕಾರವುಳ್ಳ ಅಧಿಕಾರಿಗೆ. ಅವರು 30 ದಿನಗಳೊಳಗೆ ಅದನ್ನು ಪ್ರಾಧಿಕಾರಕ್ಕೆ ಒಪ್ಪಿಸಬೇಕು. ಅಲ್ಲಿ ನಿರ್ಣಾಯಕವಾಗುವುದು ಸುತ್ತಮುತ್ತಲಿನ ಇಂಥದೇ ಜಮೀನುಗಳ ನೋಂದಾಯಿತ ಕ್ರಯಪತ್ರಗಳು. ಪ್ರಾಧಿಕಾರದ ತೀರ್ಪಿನ ವಿರುದ್ಧ 60 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬಹುದು. ಪ್ರಾಧಿಕಾರವು ನೆರೆಯವರಿಗೆ ಹೆಚ್ಚಿನ ಪರಿಹಾರ ನೀಡಿದ್ದರೆ, ಅದೇ ಅಧಿಸೂಚನೆಯಡಿ ಜಮೀನು ಕಳೆದುಕೊಂಡು ಅರ್ಜಿ ಸಲ್ಲಿಸದೇ ಇದ್ದವರೂ ಮೂರು ತಿಂಗಳೊಳಗೆ ಮರುನಿರ್ಧಾರ ಕೋರಬಹುದು.

ಎಲ್ಲ ಸ್ವಾಧೀನಗಳಿಗೂ ಇದೇ ಹಾದಿಯಲ್ಲ. ರಾಷ್ಟ್ರೀಯ ಹೆದ್ದಾರಿಗಾಗಿ ಜಮೀನು ಹೋದಲ್ಲಿ 1956ರ ಹೆದ್ದಾರಿ ಕಾಯ್ದೆಯಂತೆ ಕೇಂದ್ರ ಸರ್ಕಾರ ನೇಮಿಸಿದ ಮಧ್ಯಸ್ಥಗಾರರ ಮುಂದೆ ಹೋಗಬೇಕು. ಕರ್ನಾಟಕದ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಗೆ 1966ರ ಪ್ರತ್ಯೇಕ ಕಾಯ್ದೆಯಿದೆ. ಆದ್ದರಿಂದ ಅಧಿಸೂಚನೆ ಯಾವ ಕಾಯ್ದೆಯಡಿ ಹೊರಟಿದೆ ಎಂಬುದನ್ನು ಮೊದಲು ನೋಡಬೇಕು.

ಐತೀರ್ಪೇ ಹೊರಬೀಳದಿದ್ದರೆ? ಅದಕ್ಕೆ ಉತ್ತರ ಬೆಂಗಳೂರು-ಮೈಸೂರು ಇನ್‌ಫ್ರಾಸ್ಟ್ರಕ್ಚರ್ ಕಾರಿಡಾರ್ ಪ್ರಕರಣದಲ್ಲಿದೆ. 2003ರಲ್ಲಿ ಪ್ರಾಥಮಿಕ ಅಧಿಸೂಚನೆ ಹೊರಟು 2005ರಲ್ಲಿ ಸ್ವಾಧೀನಕ್ಕೆ ಹೋದ ನಿವೇಶನಗಳಿಗೆ ಐತೀರ್ಪು ಬಂದುದು 2019ರ ಏಪ್ರಿಲ್ 22ರಂದು, ಅದೂ 2011ರ ಮಾರ್ಗಸೂಚಿ ದರದ ಆಧಾರದಲ್ಲಿ. 2025ರ ಜನವರಿ 2ರಂದು ಸುಪ್ರೀಂ ಕೋರ್ಟ್ ಸಂವಿಧಾನದ 142ನೇ ವಿಧಿಯಡಿ ತನ್ನ ವಿಶೇಷಾಧಿಕಾರ ಬಳಸಿ, ಐತೀರ್ಪಿನ ದಿನದ ಮೌಲ್ಯವನ್ನೇ ಆಧರಿಸಿ ಹೊಸ ಐತೀರ್ಪು ನೀಡುವಂತೆ ಆದೇಶಿಸಿತು. 300ಎ ವಿಧಿಯಂತೆ ಆಸ್ತಿಯ ಹಕ್ಕು ಸಾಂವಿಧಾನಿಕ ಹಕ್ಕೆಂದು ನೆನಪಿಸಿತು.

ಆ ಭೂಮಾಲೀಕರಿಗೆ ನ್ಯಾಯ ದೊರೆತುದು ಎರಡು ದಶಕಗಳ ಬಳಿಕ, ಅದೂ ಸರ್ವೋಚ್ಚ ನ್ಯಾಯಾಲಯದ ಅಸಾಧಾರಣ ಅಧಿಕಾರದಿಂದ. ಐತೀರ್ಪು ಕೈಸೇರಿದವರಿಗಾದರೋ ಕಾಯ್ದೆ ತೆರೆದಿಟ್ಟ ಸಾಮಾನ್ಯ ಬಾಗಿಲು ಆರು ವಾರಗಳದು.