ಅವರವರ ನುಡಿಯಲ್ಲಿ: ಯಾತ್ರೆ, ಪೆಂತೆಕೋಸ್ತ್ ಮತ್ತು ಪಂಡಿತಾ ರಮಾಬಾಯಿ

ಪರಂಗಿಮಲೈ ಬೆಟ್ಟದ ಮೆಟ್ಟಿಲು ಹತ್ತುತ್ತಿದ್ದೆ. ಹಿಂದಿನಿಂದ ಒಂದು ದನಿ ಕೇಳಿಸಿತು: "ಅಕ್ಕಾ, ವಸಿ ಕೂತ್ಕಳವ, ಕಾಲು ಬತ್ತಾ ಇಲ್ಲ." ತಿರುಗಿ ನೋಡಿದೆ. ಕಾವಿ ಬಣ್ಣದ ಸೀರೆ ಉಟ್ಟ ಇಬ್ಬರು ಹೆಂಗಸರು, ಕೈಯಲ್ಲಿ ಮೇಣದಬತ್ತಿಯ ಪೊಟ್ಟಣ. ಕೊಳ್ಳೇಗಾಲದ ಕಡೆಯವರು. ವೇಳಾಂಕಣ್ಣಿಗೆ ಹೊರಟ ಗುಂಪಿನ ಜೊತೆ ಬಂದವರು, ದಾರಿಯಲ್ಲಿ ಸಂತ ತೋಮಸರ ಬೆಟ್ಟವನ್ನೂ ನೋಡಿ ಹೋಗೋಣವೆಂದು ಇಳಿದಿದ್ದರು. "ನೀವೂ ಕನ್ನಡದವರಾ ತಾಯಿ?" ಎಂದು ಕೇಳಿದರು. ಮೂರ್ನಾಲ್ಕು ನಿಮಿಷದ ಮಾತು ಅಷ್ಟೆ. ಆದರೆ ಬೇರೆ ಭಾಷೆಯ ಊರಿನಲ್ಲಿ ನಮ್ಮ ನುಡಿ ತಟ್ಟನೆ ಕಿವಿಗೆ ಬಿದ್ದರೆ ಮನಸ್ಸಿಗೆ ಏನಾಗುತ್ತದೆ ಎನ್ನುವುದು ಚೆನ್ನೈನಲ್ಲಿ ಸಂಸಾರ ಹೂಡಿರುವ ನಮಗ್ಯಾರಿಗೂ ಹೇಳಿಕೊಡಬೇಕಾಗಿಲ್ಲ.

ಕ್ರೈಸ್ತರ ಪೆಂತೆಕೋಸ್ತ್ ಹಬ್ಬದ ಮೂಲಕಥೆಯೂ ಇಂಥದೇ. ದೂರದ ಊರಿಗೆ ಬಂದ ಯಾತ್ರಿಕರು, ಅಲ್ಲಿ ಎದುರುನೋಡದೆ ಕೇಳಿಸಿದ ತಾಯ್ನುಡಿ.

ಸುಗ್ಗಿಯ ಹಬ್ಬ, ಯಾತ್ರೆಯ ಹಬ್ಬ

'ಪೆಂತೆಕೋಸ್ತ್' ಎಂದರೆ ಗ್ರೀಕ್ ಭಾಷೆಯಲ್ಲಿ ಐವತ್ತನೆಯದು. ಕನ್ನಡ ಬೈಬಲಿನಲ್ಲಿ ಇದಕ್ಕೆ 'ಪಂಚಾಶತ್ತಮ' ಎಂಬ ಸೊಗಸಾದ ಹೆಸರಿದೆ. ಯೇಸು ಪುನರುತ್ಥಾನರಾದ ಈಸ್ಟರ್ ಭಾನುವಾರದಿಂದ ಎಣಿಸಿದರೆ ಐವತ್ತನೆಯ ದಿನ; ಮೇ ಅಥವಾ ಜೂನ್ ತಿಂಗಳಿನಲ್ಲಿ ಬರುತ್ತದೆ. ಕ್ರಿಸ್ಮಸ್ಸಿಗೆ ನಕ್ಷತ್ರದ ದೀಪ ತೂಗುವ ಹಾಗೆ, ಗುಡ್ ಫ್ರೈಡೇಗೆ ರಜೆ ಸಿಗುವ ಹಾಗೆ ಇದಕ್ಕೆ ಹೊರಗಿನ ಗುರುತುಗಳಿಲ್ಲ. ಹಾಗಾಗಿ ನಮ್ಮಲ್ಲಿ ಹೆಚ್ಚಿನವರಿಗೆ ಇದರ ಪರಿಚಯ ಕಡಿಮೆ.

ಕ್ರೈಸ್ತರಿಗಿಂತ ಮೊದಲೇ ಇದು ಯೆಹೂದ್ಯರ ಹಬ್ಬವಾಗಿತ್ತು. ಅವರು ಕರೆಯುವ ಹೆಸರು 'ಶಾವೂತ್', ಅಂದರೆ ವಾರಗಳ ಹಬ್ಬ. ಪಾಸ್ಕದಿಂದ ಏಳು ವಾರ ಎಣಿಸಿ, ಗೋಧಿಯ ಸುಗ್ಗಿ ಬಂದಾಗ ಮೊದಲ ಫಲವನ್ನು ದೇವರಿಗೆ ಒಪ್ಪಿಸುವ ದಿನ. ಕೊಡಗಿನ ಹುತ್ತರಿ, ಕರಾವಳಿಯ ತೆನೆ ಹಬ್ಬಗಳನ್ನು ಕಂಡವರಿಗೆ ಈ ಭಾವ ಹೊಸದಲ್ಲ. ಮೋಶೆಗೆ ಸಿನಾಯ್ ಬೆಟ್ಟದಲ್ಲಿ ಧರ್ಮಶಾಸ್ತ್ರ ದೊರೆತ ನೆನಪೂ ಮುಂದೆ ಇದಕ್ಕೆ ಸೇರಿಕೊಂಡಿತು. ಈ ಹಬ್ಬದಲ್ಲಿ ಯೆಹೂದ್ಯರು ಇಂದಿಗೂ ರೂತಳ ಕಥೆಯನ್ನು ಓದುತ್ತಾರೆ. ಗಂಡನನ್ನು ಕಳೆದುಕೊಂಡು, ಅತ್ತೆಯ ಕೈ ಬಿಡದೆ ಪರನಾಡಿಗೆ ಬಂದು, ಕೊಯ್ಲಾದ ಹೊಲದಲ್ಲಿ ಉದುರಿದ ತೆನೆ ಆಯ್ದು ಬದುಕಿದ ಸೊಸೆಯ ಕಥೆ ಅದು.

ಯೆಹೂದ್ಯರು ಜೆರುಸಲೇಮಿಗೆ ಯಾತ್ರೆ ಹೋಗಲೇಬೇಕಾದ ಮೂರು ಹಬ್ಬಗಳಲ್ಲಿ ಇದೂ ಒಂದು. ಆದ್ದರಿಂದಲೇ ಆ ದಿನ ನಗರದ ತುಂಬ ಹೊರಗಿನವರು. ಬೈಬಲಿನ 'ಪ್ರೇಷಿತರ ಕಾರ್ಯಕಲಾಪಗಳು' ಅವರ ನಾಡುಗಳ ಪಟ್ಟಿಯನ್ನೇ ಕೊಡುತ್ತದೆ: ಪಾರ್ಥಿಯ, ಮೇದ್ಯ, ಏಲಾಮ್, ಮೆಸಪೊಟೇಮಿಯ, ಕಪ್ಪದೋಕ್ಯ, ಈಜಿಪ್ಟ್, ಲಿಬಿಯ, ರೋಮ್, ಕ್ರೀಟ್, ಅರೇಬಿಯ. ತಲೆಮಾರುಗಳಿಂದ ಪರನಾಡಿನಲ್ಲಿ ನೆಲೆಸಿ, ಅಲ್ಲಿಯ ಭಾಷೆಯನ್ನೇ ಮನೆಮಾತು ಮಾಡಿಕೊಂಡಿದ್ದವರು ಇವರು.

ಯೇಸುವಿನ ಶಿಷ್ಯರು ಒಂದು ಮನೆಯಲ್ಲಿ ಸೇರಿದ್ದರು. ಹಿಂದಿನ ದಿನಗಳಲ್ಲಿ ಸುಮಾರು 120 ಜನ ಕೂಡಿ ಪ್ರಾರ್ಥಿಸುತ್ತಿದ್ದರೆಂದೂ, ಯೇಸುವಿನ ತಾಯಿ ಮರಿಯಳೂ ಇತರ ಹೆಂಗಸರೂ ಅವರೊಡನೆ ಇದ್ದರೆಂದೂ ಅದೇ ಗ್ರಂಥ ಹೇಳುತ್ತದೆ. ಬಿರುಗಾಳಿಯಂಥ ಸದ್ದು, ಪ್ರತಿಯೊಬ್ಬರ ಮೇಲೂ ಇಳಿದ ಬೆಂಕಿಯ ನಾಲಗೆಗಳು. ಪವಿತ್ರಾತ್ಮದಿಂದ ತುಂಬಿದ ಅವರು ಮಾತಾಡಲು ತೊಡಗಿದಾಗ, ಹೊರಗೆ ಸೇರಿದ ಜನಕ್ಕೆ ಅದು ಅವರವರ ನುಡಿಯಲ್ಲೇ ಕೇಳಿಸಿತಂತೆ. ಇವರೆಲ್ಲ ಗಲಿಲೇಯದ ಹಳ್ಳಿಯವರಲ್ಲವೇ ಎಂದು ಜನ ಬೆರಗಾದರು. ಕುಡಿದಿದ್ದಾರೆ ಬಿಡಿ ಎಂದು ನಕ್ಕವರೂ ಇದ್ದರು. ಪೇತ್ರ ಎದ್ದು ನಿಂತು, ಇನ್ನೂ ಬೆಳಗ್ಗೆ ಒಂಬತ್ತು ಗಂಟೆ, ಈ ಹೊತ್ತಿಗೆ ಯಾರು ಕುಡಿಯುತ್ತಾರೆ ಎಂಬರ್ಥದಲ್ಲಿ ಉತ್ತರ ಕೊಟ್ಟು ಮಾತು ಶುರುಮಾಡಿದ. ಗಂಡುಮಕ್ಕಳು ಮಾತ್ರವಲ್ಲ ಹೆಣ್ಣುಮಕ್ಕಳೂ, ಯಜಮಾನರು ಮಾತ್ರವಲ್ಲ ದಾಸದಾಸಿಯರೂ ದೇವರ ಮಾತನ್ನು ಆಡುವ ಕಾಲ ಬರುತ್ತದೆಂದು ಪ್ರವಾದಿ ಯೋವೇಲ ಹಿಂದೆಯೇ ಹೇಳಿದ್ದನ್ನು ನೆನಪಿಸಿದ. ಅಂದು ಸುಮಾರು 3000 ಮಂದಿ ದೀಕ್ಷಾಸ್ನಾನ ಪಡೆದರು. ಕ್ರೈಸ್ತ ಸಭೆ ಹುಟ್ಟಿದ ದಿನವೆಂದು ಇದನ್ನೇ ಆಚರಿಸುತ್ತಾರೆ.

ಇದರಲ್ಲಿ ನನ್ನನ್ನು ಹಿಡಿದು ನಿಲ್ಲಿಸುವ ಸಂಗತಿ ಒಂದಿದೆ. ಎಲ್ಲರಿಗೂ ಒಂದೇ ಭಾಷೆ ಬಂದುಬಿಟ್ಟಿತು ಎಂದು ಕಥೆ ಹೇಳುವುದಿಲ್ಲ. ಜೆರುಸಲೇಮಿನ ದೇವಾಲಯದ ಹೀಬ್ರೂವನ್ನು ಎಲ್ಲರೂ ಕಲಿತರು ಎಂದೂ ಹೇಳುವುದಿಲ್ಲ. ದೇವರ ಮಾತೇ ಅವರವರ ನುಡಿಗೆ ಇಳಿದು ಬಂತು. ಪವಿತ್ರ ಸ್ಥಳವನ್ನು ಹುಡುಕಿ ಬಂದ ಯಾತ್ರಿಕರು ತಮ್ಮ ಊರಿನ ನುಡಿಯೂ ಪವಿತ್ರವೆಂದು ತಿಳಿದು ಮರಳಿದರು. ಹನ್ನೆರಡನೆಯ ಶತಮಾನದಲ್ಲೇ ಶರಣರೂ ಶರಣೆಯರೂ ದೇವರೊಡನೆ ಅಡುಗೆಮನೆಯ, ಹೊಲದ ಕನ್ನಡದಲ್ಲಿ ಮಾತಾಡಿದ್ದನ್ನು ಬಲ್ಲ ನಮಗೆ ಇದರ ತೂಕ ಬೇಗ ತಿಳಿಯುತ್ತದೆ.

ನಮ್ಮೂರಿನ ಬೆಟ್ಟ

ಆ ದಿನ ಅಲ್ಲಿ ಸೇರಿದ್ದ ಶಿಷ್ಯರ ಪಟ್ಟಿಯಲ್ಲಿ ತೋಮಸನ ಹೆಸರೂ ಇದೆ. ಅವರು ಕ್ರಿ.ಶ. 52ರಲ್ಲಿ ಕೇರಳದ ಕರಾವಳಿಗೆ ಬಂದರು, 72ರಲ್ಲಿ ಪರಂಗಿಮಲೈ ಮೇಲೆ ಹುತಾತ್ಮರಾದರು, ಮೈಲಾಪುರದಲ್ಲಿ ಅವರನ್ನು ಸಮಾಧಿ ಮಾಡಿದರು ಎನ್ನುವುದು ಪರಂಪರೆಯ ನಂಬಿಕೆ. ಆ ಸಮಾಧಿಯ ಸ್ಥಳವೇ ಸ್ಯಾಂಥೋಮ್ ಬೆಸಿಲಿಕ. ಈಗಿನ ಎತ್ತರದ ಬಿಳಿ ಕಟ್ಟಡ 1896ರಲ್ಲಿ ಪೂರ್ಣಗೊಂಡಿತು. ಸೈದಾಪೇಟೆಯ ಚಿನ್ನಮಲೈ, ಪರಂಗಿಮಲೈ, ಸ್ಯಾಂಥೋಮ್ ಮೂರನ್ನೂ ಸೇರಿಸಿ ನೋಡುವುದು ಇಲ್ಲಿಯ ಯಾತ್ರಿಕರ ರೂಢಿ.

ಹದಿಮೂರನೆಯ ಶತಮಾನದ ಕೊನೆಯಲ್ಲಿ ಬಂದ ಮಾರ್ಕೊ ಪೋಲೊ ಈ ಸಮಾಧಿಯ ಬಗ್ಗೆ ಬರೆದಿದ್ದಾನೆ. ಕ್ರೈಸ್ತರಲ್ಲದೆ ಮುಸ್ಲಿಮರೂ ಇಲ್ಲಿಗೆ ಯಾತ್ರೆ ಬರುತ್ತಿದ್ದರೆಂದೂ, ಇಲ್ಲಿಯ ಕೆಂಪು ಮಣ್ಣನ್ನು ಜ್ವರಕ್ಕೆ ಔಷಧಿಯೆಂದು ಒಯ್ಯುತ್ತಿದ್ದರೆಂದೂ ಹೇಳುತ್ತಾನೆ. ಮೃತ್ತಿಕೆಯನ್ನು ಪ್ರಸಾದವೆಂದು ತರುವ ನಮಗೆ ಇದೂ ಪರಿಚಿತವೇ. ಬೆಟ್ಟ ಹತ್ತುವ ಮೆಟ್ಟಿಲುಗಳನ್ನು 1726ರಲ್ಲಿ ಕಟ್ಟಿಸಿದವರು ಕೋಜಾ ಪೆಟ್ರಸ್ ಉಸ್ಕಾನ್ ಎಂಬ ಅರ್ಮೇನಿಯನ್ ವ್ಯಾಪಾರಿ. ಅಡ್ಯಾರ್ ನದಿಗೆ ಸೈದಾಪೇಟೆಯಲ್ಲಿ ಸೇತುವೆ ಕಟ್ಟಿಸಿದವರೂ ಅವರೇ.

ಬೆಟ್ಟದ ಮೇಲಿನ ಚರ್ಚಿನಲ್ಲಿ ಒಂದು ಕಲ್ಲಿನ ಶಿಲುಬೆ ಇದೆ. 1547ರಲ್ಲಿ ಅಡಿಪಾಯ ತೋಡುವಾಗ ಪೋರ್ಚುಗೀಸರಿಗೆ ಸಿಕ್ಕಿದ್ದು. ಅದರ ಸುತ್ತ ಕೆತ್ತಿರುವುದು ತಮಿಳೂ ಅಲ್ಲ, ಲ್ಯಾಟಿನ್ನೂ ಅಲ್ಲ. ಪ್ರಾಚೀನ ಪರ್ಷಿಯದ ಪಹ್ಲವಿ. ಪೆಂತೆಕೋಸ್ತಿನ ಪಟ್ಟಿಯಲ್ಲಿ ಮೊದಲು ಬರುವ ಪಾರ್ಥಿಯ, ಮೇದ್ಯ, ಏಲಾಮ್ ಮೂರೂ ಇಂದಿನ ಇರಾನಿನ ಕಡೆಯ ನಾಡುಗಳು. ಆ ಸೀಮೆಯ ನುಡಿ ಸಮುದ್ರ ದಾಟಿ ಬಂದು ನಮ್ಮ ವಿಮಾನ ನಿಲ್ದಾಣದ ಬಳಿಯ ಬೆಟ್ಟದ ಮೇಲೆ ಕಲ್ಲಿನಲ್ಲಿ ಉಳಿದಿದೆ.

ಕನ್ನಡದ ಸರದಿಯೂ ಬಂತು. 1810ರಲ್ಲಿ ಬಳ್ಳಾರಿಗೆ ಬಂದ ಜಾನ್ ಹ್ಯಾಂಡ್ಸ್ ಬೈಬಲನ್ನು ಕನ್ನಡಕ್ಕೆ ತರುವ ಕೆಲಸಕ್ಕೆ ಕುಳಿತರು. ಬಳ್ಳಾರಿ ಆಗ ಮದರಾಸು ಪ್ರಾಂತ್ಯದ ಊರು. ಅವರ ಜೊತೆಗಾರ ವಿಲಿಯಂ ರೀವ್ ಸಿದ್ಧಪಡಿಸಿದ ಕನ್ನಡ-ಇಂಗ್ಲಿಷ್ ನಿಘಂಟು 1832ರಲ್ಲಿ ಅಚ್ಚಾದದ್ದು ಇದೇ ಮದರಾಸಿನಲ್ಲಿ. ಅದಾಗಿ ಆರು ದಶಕಗಳ ಮೇಲೆ, 1894ರಲ್ಲಿ, ಮಂಗಳೂರಿನಿಂದ ಕಿಟ್ಟೆಲ್ಲರ ನಿಘಂಟು ಹೊರಬಂತು. ಧರ್ಮ ಹೇಳಲು ಬಂದವರು ಮೊದಲು ಜನರ ನುಡಿಗೆ ಕಿವಿಗೊಡಬೇಕಾಯಿತು.

ಗಂಗಾಮೂಲದ ಮಗಳು

ಯಾತ್ರೆ ಮತ್ತು ಪೆಂತೆಕೋಸ್ತ್ ಎರಡನ್ನೂ ಒಂದೇ ಜೀವನದಲ್ಲಿ ಕಂಡ ಕನ್ನಡನಾಡಿನ ಹೆಣ್ಣುಮಗಳೊಬ್ಬಳಿದ್ದಾಳೆ: ಪಂಡಿತಾ ರಮಾಬಾಯಿ. ಮಹಾರಾಷ್ಟ್ರದ ಸಮಾಜ ಸುಧಾರಕಿಯೆಂದೇ ಶಾಲೆಯ ಪುಸ್ತಕಗಳಲ್ಲಿ ಓದಿದ್ದೇವೆ. ಆದರೆ ಅವರು ಹುಟ್ಟಿದ್ದು 1858ರ ಏಪ್ರಿಲ್ 23ರಂದು, ತುಂಗೆ, ಭದ್ರೆ, ನೇತ್ರಾವತಿ ಹುಟ್ಟುವ ಗಂಗಾಮೂಲದ ಕಾಡಿನಲ್ಲಿ.

ತಂದೆ ಅನಂತ ಶಾಸ್ತ್ರಿ ಡೋಂಗ್ರೆ ಹೆಂಡತಿ ಲಕ್ಷ್ಮೀಬಾಯಿಗೆ ಸಂಸ್ಕೃತ ಕಲಿಸಿದರು. ಹೆಣ್ಣಿಗೆ ಸಂಸ್ಕೃತವೇ ಎಂದು ಆಕ್ಷೇಪ ಎದ್ದು, ಉಡುಪಿಯ ವಿದ್ವಾಂಸರ ಸಭೆಯ ಮುಂದೆ ಅವರು ಶಾಸ್ತ್ರಗಳನ್ನೇ ಆಧಾರವಾಗಿಟ್ಟು ಸಮರ್ಥಿಸಿಕೊಳ್ಳಬೇಕಾಯಿತು. ಆಮೇಲೆ ಕಾಡಿಗೆ ಬಂದು ಆಶ್ರಮ ಕಟ್ಟಿದರು. ಗಂಗಾಮೂಲಕ್ಕೆ ಬರುವ ಯಾತ್ರಿಕರಿಗೆಲ್ಲ ಊಟ, ವಸತಿ. ಆ ಅತಿಥಿಸತ್ಕಾರದಲ್ಲೇ ಆಸ್ತಿ ಕರಗಿ ಸಾಲವಾಯಿತು. ಯಾತ್ರಿಕರಿಗೆ ಉಣಬಡಿಸಿದ ಮನೆಯೇ ಕೊನೆಗೆ ಯಾತ್ರೆ ಹೊರಟಿತು. ಆರು ತಿಂಗಳ ರಮೆಯನ್ನು ಬೆತ್ತದ ಬುಟ್ಟಿಯಲ್ಲಿಟ್ಟು ಆಳು ತಲೆಯ ಮೇಲೆ ಹೊತ್ತು ಬೆಟ್ಟ ಇಳಿದ.

ಮುಂದೆ ವರ್ಷಗಟ್ಟಲೆ ಕ್ಷೇತ್ರದಿಂದ ಕ್ಷೇತ್ರಕ್ಕೆ. ದೇವಸ್ಥಾನಗಳಲ್ಲಿ ಪುರಾಣ ಓದುವುದು, ಕೇಳಿದವರು ಕೊಟ್ಟಿದ್ದರಲ್ಲಿ ಬದುಕುವುದು. ತಾಯಿಯೇ ಮಗಳಿಗೆ ಸಂಸ್ಕೃತ ಕಲಿಸಿದಳು. 1870ರ ದಶಕದ ಬರ ದಕ್ಷಿಣವನ್ನು ಹಿಂಡಿದಾಗ ತಂದೆ, ತಾಯಿ, ಅಕ್ಕ ಒಬ್ಬರ ಹಿಂದೊಬ್ಬರು ತೀರಿಕೊಂಡರು. ತಾಯಿ ಹಸಿವಿನಿಂದ ಸಾಯುತ್ತಿದ್ದಾಗ ನೆರೆಮನೆಯ ಬಾಗಿಲಲ್ಲಿ ನಿಂತು ಬೇಡಲು ಬಾಯಿ ಬಾರದೆ ಹೋದದ್ದನ್ನು, ಆ ಮನೆಯಾಕೆ ತಾನಾಗಿ ಕೊಟ್ಟ ಸಜ್ಜೆ ರೊಟ್ಟಿಯನ್ನು ತಾಯಿ ನುಂಗಲಾರದೆ ಹೋದದ್ದನ್ನು ರಮಾಬಾಯಿ ಮುಂದೆ ಬರೆದಿದ್ದಾರೆ. ಎಲ್ಲ ತೀರ್ಥಗಳಲ್ಲಿ ಮಿಂದೂ ಮೌನವಾಗಿಯೇ ಉಳಿದ ದೇವರ ಬಗ್ಗೆ ಆ ಹುಡುಗಿಯ ಮನಸ್ಸಿನಲ್ಲಿ ಪ್ರಶ್ನೆ ಹುಟ್ಟಿದ್ದು ಆಗ.

ಅಣ್ಣನ ಜೊತೆ ಸಾವಿರಾರು ಮೈಲಿ ನಡೆದು 1878ರಲ್ಲಿ ಕಲ್ಕತ್ತೆ ಸೇರಿದಾಗ ಅಲ್ಲಿಯ ವಿದ್ವಾಂಸರು 'ಪಂಡಿತಾ', 'ಸರಸ್ವತಿ' ಎಂದು ಗೌರವಿಸಿದರು. ಮದುವೆ, ಮಗಳು ಮನೋರಮೆಯ ಜನನ, 1882ರಲ್ಲಿ ವೈಧವ್ಯ. 1883ರಲ್ಲಿ ಇಂಗ್ಲೆಂಡಿನಲ್ಲಿ ಕ್ರೈಸ್ತ ದೀಕ್ಷೆ. ಇದರಿಂದ ನಾಡಿನಲ್ಲಿ ದೊಡ್ಡ ವಿವಾದ ಎದ್ದಿತು, ಹಳೆಯ ಬೆಂಬಲಿಗರು ಹಲವರು ದೂರವಾದರು. ಆದರೆ ಅಲ್ಲಿಯೂ ಅವರು ತಲೆಬಾಗಿ ಕುಳಿತವರಲ್ಲ. ಶಿಲುಬೆಯ ಮೇಲೆ ಲ್ಯಾಟಿನ್ ಅಕ್ಷರ ಯಾಕೆ, ನಮಗೆ ಸಂಸ್ಕೃತವಿಲ್ಲವೇ ಎಂದು ತಮ್ಮ ಗುರುಸ್ಥಾನದಲ್ಲಿದ್ದ ಆಂಗ್ಲ ಸಂನ್ಯಾಸಿನಿಗೇ ವಾದಿಸಿ ಪತ್ರ ಬರೆದರು. ಪೆಂತೆಕೋಸ್ತಿನ ಮರ್ಮವನ್ನು ಅವರು ಆಗಲೇ ಹಿಡಿದಿದ್ದರು ಎನಿಸುತ್ತದೆ.

ಕೆಡಗಾಂವಿನ ಬೆಂಕಿ

ವಿಧವೆಯರಿಗಾಗಿ 1889ರಲ್ಲಿ ಮುಂಬಯಿಯಲ್ಲಿ ಶಾರದಾ ಸದನ ತೆರೆದರು. ಆಮೇಲೆ ಪುಣೆಯ ಬಳಿಯ ಕೆಡಗಾಂವಿನಲ್ಲಿ 'ಮುಕ್ತಿ' ಬೆಳೆಯಿತು. 1896-97ರ, 1900ರ ಬರಗಳಲ್ಲಿ ನೂರಾರು ಹುಡುಗಿಯರನ್ನು ತಾವೇ ಹೋಗಿ ಕರೆತಂದರು. ಹಸಿದ ತಾಯಿಯ ಮುಂದೆ ಬರಿಗೈಲಿ ನಿಂತಿದ್ದ ಮಗಳು ಹಸಿದವರಿಗೆಲ್ಲ ತಾಯಿಯಾದ ಬಗೆ ಇದು.

1905ರ ಜೂನ್ ಕೊನೆಯಲ್ಲಿ ಮುಕ್ತಿಯಲ್ಲಿ ಒಂದು ದೊಡ್ಡ ಪ್ರಾರ್ಥನಾ ಜಾಗೃತಿ ಉಂಟಾಯಿತು. ಹುಡುಗಿಯರು ಅತ್ತರು, ನಕ್ಕರು, ಗಟ್ಟಿಯಾಗಿ ಒಟ್ಟಿಗೆ ಪ್ರಾರ್ಥಿಸಿದರು. ಪವಿತ್ರಾತ್ಮದ ಬೆಂಕಿ ಇಳಿಯಿತೆಂದರು. ಶಿಸ್ತಿನ ಆರಾಧನೆಗೆ ಒಗ್ಗಿದ ಹಲವರಿಗೆ ಈ ಗದ್ದಲ ಸರಿಬೀಳಲಿಲ್ಲ. ರಮಾಬಾಯಿ ಅದನ್ನು ತಡೆಯಲಿಲ್ಲ. ಅವರವರ ರೀತಿಯಲ್ಲಿ ಪ್ರಾರ್ಥಿಸಲು ಬಿಟ್ಟರು. ಜಗತ್ತಿನ ಪೆಂತೆಕೋಸ್ತಲ್ ಚಳವಳಿಯ ತವರೆಂದು ಹೇಳುವ ಲಾಸ್ ಏಂಜಲೀಸಿನ ಅಜೂಸಾ ಬೀದಿಯ ಕೂಟಗಳು ಶುರುವಾದದ್ದು ಮರುವರ್ಷ, 1906ರಲ್ಲಿ. ಮುಕ್ತಿಯಲ್ಲಿ ದುಡಿಯುತ್ತಿದ್ದ ಮಿನ್ನಿ ಏಬ್ರಮ್ಸ್ ಈ ಅನುಭವದ ಕುರಿತು ಬರೆದ ಪುಸ್ತಕ ದಕ್ಷಿಣ ಅಮೆರಿಕದ ಚಿಲಿ ದೇಶಕ್ಕೆ ತಲುಪಿ, 1909ರಲ್ಲಿ ಅಲ್ಲಿ ಇಂಥದೇ ಚಳವಳಿಗೆ ಪ್ರೇರಣೆಯಾಯಿತು. ಬರದಲ್ಲಿ ಅನಾಥರಾದ ಹೆಣ್ಣುಮಕ್ಕಳ ಪ್ರಾರ್ಥನೆ ಸಮುದ್ರಗಳನ್ನು ದಾಟಿತು.

ಆದರೆ ರಮಾಬಾಯಿಯ ನಿಜವಾದ ಪೆಂತೆಕೋಸ್ತ್ ಸದ್ದಿಲ್ಲದ ಇನ್ನೊಂದು ಕೆಲಸ ಎಂದು ನನ್ನ ಅನಿಸಿಕೆ. ಅಂದಿನ ಮರಾಠಿ ಬೈಬಲಿನ ಭಾಷೆ ಓದು ಕಡಿಮೆಯಿರುವ ಹೆಂಗಸರಿಗೆ ಕಠಿಣವೆಂದು, ಹೀಬ್ರೂ ಮತ್ತು ಗ್ರೀಕ್ ಕಲಿತು, ಮೂಲದಿಂದಲೇ ಸರಳ ಮರಾಠಿಗೆ ಇಡೀ ಬೈಬಲನ್ನು ಅನುವಾದಿಸಿದರು. ಮುಕ್ತಿಯ ಹೆಂಗಸರೇ ಅಕ್ಷರ ಜೋಡಿಸಿ ಅಚ್ಚು ಹಾಕಿದರು. ಸಂಸ್ಕೃತದಲ್ಲಿ ಪಂಡಿತರನ್ನೇ ಬೆರಗುಗೊಳಿಸಿದ ವಿದುಷಿ ತನ್ನ ಕೊನೆಯ ವರ್ಷಗಳನ್ನು ತೆತ್ತದ್ದು ಅಡುಗೆಮನೆಯ ನುಡಿಗೆ. ಮಗಳು ಮನೋರಮೆ ಕನ್ನಡನಾಡಿಗೇ ಮರಳಿ, ಗುಲ್ಬರ್ಗದಲ್ಲಿ ಶಾಲೆ ತೆರೆದಿದ್ದಳು. 1921ರಲ್ಲಿ ತಾಯಿಗಿಂತ ಮೊದಲೇ ತೀರಿಕೊಂಡಳು. ಆ ದುಃಖದಲ್ಲೂ ಕೆಲಸ ನಿಲ್ಲಲಿಲ್ಲ. ಅನುವಾದ ಮುಗಿಸಿ, 1922ರ ಏಪ್ರಿಲ್ 5ರಂದು ರಮಾಬಾಯಿ ಕಣ್ಣುಮುಚ್ಚಿದರು.

ಅವರ ಧರ್ಮವನ್ನು ಒಪ್ಪಬೇಕೆಂದೇನೂ ಇಲ್ಲ. ಆದರೆ ಅವರ ಯಾತ್ರೆ ಕೇಳಿದ ಪ್ರಶ್ನೆಯನ್ನು ನಾವು ಒಪ್ಪಬಹುದು. ದೇವರ ಮಾತು ಹೆಣ್ಣಿಗೆ, ಅವಳ ನುಡಿಯಲ್ಲಿ, ಅವಳ ಕೈಗೇ ಸಿಗಬಾರದೇಕೆ?

ಮಕ್ಕಳ ಕನ್ನಡ ತಮಿಳು-ಇಂಗ್ಲಿಷಿನ ನಡುವೆ ಸೊರಗುತ್ತಿದೆ ಎಂದು ನಮ್ಮ ಕೂಟಗಳಲ್ಲಿ ಆಗಾಗ ಮರುಗುತ್ತೇವೆ. ಅಂದು ಜೆರುಸಲೇಮಿನ ಬೀದಿಯಲ್ಲಿ ನಿಂತವರೂ ವಲಸೆ ಹೋದವರ ಮಕ್ಕಳು, ಮೊಮ್ಮಕ್ಕಳೇ. ಯಾರ ನುಡಿಯೂ ಚಿಕ್ಕದಲ್ಲ ಎಂಬ ಮಾತು ಅವರಿಗೆ ಹಬ್ಬವಾಯಿತು. ಪರಂಗಿಮಲೈ ಮೆಟ್ಟಿಲ ಮೇಲೆ ಕೊಳ್ಳೇಗಾಲದ ಆ ಅಕ್ಕತಂಗಿಯರ ಜೊತೆ ನಾನೂ ಸ್ವಲ್ಪ ಹೊತ್ತು ಕುಳಿತೆ. ಆಮೇಲೆ ಮೂವರೂ ಕನ್ನಡದಲ್ಲೇ ಮೆಟ್ಟಿಲು ಎಣಿಸುತ್ತ ಮೇಲಕ್ಕೆ ಹೋದೆವು.