ಶಿವರಾಮ ಕಾರಂತರ ಮೂಕಿ ಚಿತ್ರಗಳು: ಕನ್ನಡ ಚಿತ್ರಚರಿತ್ರೆಯ ಕರಾವಳಿ ಅಧ್ಯಾಯ

ಕನ್ನಡ ಚಲನಚಿತ್ರದ ಚರಿತ್ರೆ ಬರೆಯುವವರು ಸಾಮಾನ್ಯವಾಗಿ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡ 'ಸತಿ ಸುಲೋಚನ'ದಿಂದ ತೊಡಗುತ್ತಾರೆ. ಅದರ ಹಿಂದಿನ ಮೂಕಿ ಯುಗದ ಮಾತು ಬಂದರೆ ಗುಬ್ಬಿ ವೀರಣ್ಣನವರ ಸಾಹಸವನ್ನೂ, ಟಿ.ಪಿ. ಕೈಲಾಸಂ ಮತ್ತು ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದ 'ವಸಂತಸೇನಾ'ವನ್ನೂ ನೆನೆಯುತ್ತಾರೆ. ಕೋಟದ ಶಿವರಾಮ ಕಾರಂತರಿಗೆ ಸಿಗುವುದು ಒಂದು ಸಾಲು: 1930ರಲ್ಲಿ 'ಡೊಮಿಂಗೋ', 1931ರಲ್ಲಿ 'ಭೂತರಾಜ್ಯ'. ಆ ಸಾಲನ್ನು ಬಿಡಿಸಿ ನೋಡುವುದು ಈ ಲೇಖನದ ಉದ್ದೇಶ.

1902ರ ಅಕ್ಟೋಬರ್ 10ರಂದು ಹುಟ್ಟಿದ ಕಾರಂತರ ಊರಾದ ಕೋಟ ಇಂದು ಬ್ರಹ್ಮಾವರ ತಾಲೂಕಿಗೆ ಸೇರಿದೆ. ಕುಂದಾಪುರದಲ್ಲಿ ಓದಿ, ಮಂಗಳೂರಿನ ಕಾಲೇಜು ಸೇರಿದ ಅವರು ಗಾಂಧೀಜಿಯ ಅಸಹಕಾರದ ಕರೆಗೆ ಓಗೊಟ್ಟು ಓದು ಬಿಟ್ಟರು. ಖಾದಿ ಪ್ರಚಾರ, 'ವಸಂತ' ಪತ್ರಿಕೆ, ನಾಟಕ ಎಂದು ಒಂದರಿಂದ ಒಂದಕ್ಕೆ ಸಾಗಿ, ಇಪ್ಪತ್ತೆಂಟರ ಹರೆಯದಲ್ಲಿ ಸಿನಿಮಾಕ್ಕೆ ಬಂದರು. 'ಚೋಮನ ದುಡಿ' ಪ್ರಕಟವಾದದ್ದು 1933ರಲ್ಲಿ. ಎಂದರೆ ನಾಡು ಅವರನ್ನು ಕಾದಂಬರಿಕಾರರೆಂದು ಗುರುತಿಸುವ ಮೊದಲೇ ಅವರು ಚಿತ್ರ ನಿರ್ದೇಶಕರಾಗಿದ್ದರು. ಈ ಕಾಲಕ್ರಮವನ್ನು ನಮ್ಮ ವಿಮರ್ಶೆ ಗಂಭೀರವಾಗಿ ತೆಗೆದುಕೊಂಡಿಲ್ಲ.

ಚರಿತ್ರೆಕಾರರ ಕಣ್ಣಿಗೆ ಈ ಚಿತ್ರಗಳು ಬೀಳದಿರಲು ಭೂಗೋಳವೂ ಒಂದು ಕಾರಣವೆಂದು ನನ್ನ ಎಣಿಕೆ. ಆಗ ಕುಂದಾಪುರ, ಉಡುಪಿ ಸೀಮೆಗಳೆಲ್ಲ ಮದ್ರಾಸ್ ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದವು. 1918ರ ಸಿನಿಮಾಟೋಗ್ರಾಫ್ ಕಾಯ್ದೆಯನ್ವಯ ಸೆನ್ಸಾರ್ ಮಂಡಳಿಗಳು ಏರ್ಪಟ್ಟದ್ದು ಮುಂಬಯಿ, ಕಲ್ಕತ್ತ, ಮದ್ರಾಸು, ರಂಗೂನುಗಳಲ್ಲಿ. ಎಂದರೆ ಕರಾವಳಿಯ ಆಡಳಿತ ಮುಖಮಾಡಿದ್ದು ಮದ್ರಾಸಿನತ್ತ, ಬೆಂಗಳೂರಿನತ್ತ ಅಲ್ಲ. ಬೆಂಗಳೂರು–ಮೈಸೂರುಗಳನ್ನೇ ನಡುಮನೆಯಾಗಿಸಿಕೊಂಡ ಚರಿತ್ರೆಗೆ ಕರಾವಳಿ ಹೊರಗಿನ ಜಗಲಿಯಾಗಿಯೇ ಉಳಿಯಿತು. ಇನ್ನೊಂದು ಕಾರಣ ತಾಂತ್ರಿಕ. 1931ರ ಮಾರ್ಚ್ 14ರಂದು 'ಆಲಂ ಆರಾ' ಮಾತನಾಡಿದ ಮೇಲೆ ಮೂಕಿಗಳ ಬೇಡಿಕೆ ಇಳಿಯುತ್ತ ಹೋಯಿತು. 'ಭೂತರಾಜ್ಯ'ದ ಕಾಲವೇ ಅದರ ವಿರುದ್ಧ ನಿಂತಿತ್ತು. ಆ ಕಾಲದ ನೈಟ್ರೇಟ್ ಫಿಲ್ಮು ಸೆಕೆ, ತೇವಗಳಲ್ಲಿ ತಾನಾಗಿಯೇ ಕೊಳೆಯುವ ವಸ್ತು. ಭಾರತದ ಮೂಕಿ ಚಿತ್ರಗಳಲ್ಲಿ ಬಹುಪಾಲು ಹೀಗೆಯೇ ಅಳಿದುಹೋದವು. ಫಿನ್‌ಲ್ಯಾಂಡಿನ ಚರಿತ್ರೆಯಲ್ಲೂ ಇಂಥದೇ ನಷ್ಟವಿದೆ: ರಂಗನಟ ಟೆಯುವೊ ಪುರೊ ಅವರು ಲೂಯಿ ಸ್ಪಾರೆ ಜೊತೆಗೂಡಿ 1907ರಲ್ಲಿ ನಿರ್ದೇಶಿಸಿದ ಆ ದೇಶದ ಮೊದಲ ಕಥಾಚಿತ್ರದ ಒಂದು ಪ್ರತಿಯೂ ಉಳಿದಿಲ್ಲ. ಆದರೂ ಅಲ್ಲಿ ಕಥಾಚಿತ್ರದ ಚರಿತ್ರೆ ಆರಂಭವಾಗುವುದು ಅದರಿಂದಲೇ. ರೀಲು ಇಲ್ಲದ ಮಾತ್ರಕ್ಕೆ ಚಿತ್ರಕ್ಕೆ ಚರಿತ್ರೆ ಇಲ್ಲವೆನ್ನಲಾಗದು.

ಕಾರಂತರ ಮುಂದಿನ ಕಲಾಜೀವನದಲ್ಲಿ ಈ ಮೂಕಿಗಳ ಜಾಡು ಎಲ್ಲಿದೆ? ನನಗೆ ಅದು ಸಾಹಿತ್ಯಕ್ಕಿಂತ ಯಕ್ಷಗಾನದಲ್ಲಿ ಕಾಣುತ್ತದೆ. 'ಯಕ್ಷಗಾನ ಬಯಲಾಟ'ದಂಥ ಸಂಶೋಧನ ಗ್ರಂಥ ಬರೆದ ಅವರೇ, ತಮ್ಮ ಯಕ್ಷರಂಗದ ಪ್ರಯೋಗಗಳಲ್ಲಿ ಪಾತ್ರಗಳ ಮಾತಾದ ಅರ್ಥಗಾರಿಕೆಯನ್ನು ಕೈಬಿಟ್ಟು, ಪಿಟೀಲು, ಸ್ಯಾಕ್ಸೊಫೋನುಗಳನ್ನು ಹಿಮ್ಮೇಳಕ್ಕೆ ತಂದು, ಹಾಡು–ಕುಣಿತ–ವೇಷಗಳಿಂದಲೇ ಕಥೆ ಹೇಳಿಸಿದರು. ಮಾತಿನ ಮಂಟಪಕ್ಕೇ ಹೆಸರಾದ ಬಡಗುತಿಟ್ಟಿನ ಸೀಮೆಯಲ್ಲಿ ಇದು ದೊಡ್ಡ ಚರ್ಚೆಗೆ ಕಾರಣವಾಯಿತು. ಇದಕ್ಕೆ ಪಾಶ್ಚಾತ್ಯ ಬ್ಯಾಲೆಯ ಪ್ರಭಾವವೆಂಬ ವಿವರಣೆ ಇದೆ. ಅದು ಸರಿಯೇ, ಆದರೆ ಸಾಲದು. ಪಾತ್ರದ ಬಾಯಲ್ಲಿ ಮಾತಿಡದೆ ದೇಹದಿಂದಲೇ ಕಥೆ ನಡೆಸುವ ಸವಾಲನ್ನು ಅವರು 1930ರಷ್ಟು ಹಿಂದೆಯೇ ಕ್ಯಾಮೆರಾದ ಎದುರು ಎದುರಿಸಿದ್ದರು. ಇದನ್ನು ನೇರ ಪ್ರಭಾವವೆಂದು ಸಾಧಿಸುವುದಲ್ಲ, ಒಂದೇ ಮನಸ್ಸಿನ ಎರಡು ಪ್ರಯೋಗಗಳೆಂದು ಜೊತೆಯಲ್ಲಿಟ್ಟು ಓದಬೇಕೆಂಬುದಷ್ಟೇ ನನ್ನ ವಾದ.

ಸಿನಿಮಾದ ಹಂಬಲವೂ ಅವರನ್ನು ಬಿಡಲಿಲ್ಲ. ಬಿ.ವಿ. ಕಾರಂತರು ನಿರ್ದೇಶಿಸಿದ 'ಚೋಮನ ದುಡಿ' 1975ರ ಸಾಲಿನ ಸ್ವರ್ಣಕಮಲ ಪಡೆಯಿತು. ಅದರ ಬೆನ್ನಿಗೇ, ಎಪ್ಪತ್ತೈದು ದಾಟಿದ ಶಿವರಾಮ ಕಾರಂತರು ತಮ್ಮ 'ಕುಡಿಯರ ಕೂಸು' ಕಾದಂಬರಿಯನ್ನು 'ಮಲೆಯ ಮಕ್ಕಳು' ಎಂಬ ಹೆಸರಿನಲ್ಲಿ ತಾವೇ ನಿರ್ದೇಶಿಸಿದರು. ಮೊದಲ ಚಿತ್ರಕ್ಕೂ ಇದಕ್ಕೂ ನಡುವೆ ಸುಮಾರು ಅರ್ಧ ಶತಮಾನವಿದೆ. ಬರಿಯ ತಾರುಣ್ಯದ ಹುಚ್ಚಾಗಿದ್ದರೆ ಅದು ಇಷ್ಟು ಕಾಲ ಬಾಳುತ್ತಿರಲಿಲ್ಲ.

ಕೋಟ, ಸಾಲಿಗ್ರಾಮ, ಕುಂದಾಪುರ, ಪುತ್ತೂರುಗಳ ಹಳೆಯ ಮನೆಗಳಲ್ಲಿ ಈ ಮೂಕಿಗಳ ಸುಳಿವು ಕೊಡುವ 1930–31ರ ಕಾಲದ ಕರಪತ್ರ, ಛಾಯಾಚಿತ್ರ, ಕಾಗದಪತ್ರಗಳಿದ್ದರೆ ದಯವಿಟ್ಟು ರದ್ದಿಗೆ ಹಾಕಬೇಡಿ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೋ ಹತ್ತಿರದ ವಿಶ್ವವಿದ್ಯಾಲಯಕ್ಕೋ ಅವುಗಳ ಒಂದು ಪ್ರತಿಯನ್ನಾದರೂ ತಲುಪಿಸಿ.