ಕಂಡುದನ್ನೇ ಹೇಳಿದ ವೈದ್ಯ

ಯುರೋಪಿನ ಹೊಸ ವಿಜ್ಞಾನವೆಂದೊಡನೆ ನಮಗೆ ಗೆಲಿಲಿಯೋ, ನ್ಯೂಟನ್ ನೆನಪಾಗುತ್ತಾರೆ. ಆದರೆ ಗೆಲಿಲಿಯೋ ಹುಟ್ಟುವುದಕ್ಕೆ ಒಂದು ವರ್ಷ ಮೊದಲೇ, 1563ರಲ್ಲಿ, ಆ ವಿಜ್ಞಾನದ ಒಂದು ಗ್ರಂಥ ನಮ್ಮ ನೆರೆಯ ಗೋವೆಯಲ್ಲಿಯೇ ಅಚ್ಚಾಯಿತು. ಬೆಳಗಾವಿಯಿಂದ ಖಾನಾಪುರ ದಾಟಿ ಘಟ್ಟವಿಳಿದರೆ ಆ ಗೋವೆ.

ಬರೆದವನು ಪೋರ್ತುಗೀಜ ವೈದ್ಯ ಗಾರ್ಸಿಯಾ ದ ಓರ್ತಾ. 1534ರಲ್ಲಿ ಹಡಗೇರಿ ಬಂದವನು ಮೂವತ್ತಕ್ಕೂ ಹೆಚ್ಚು ವರ್ಷ ಇಲ್ಲಿಯೇ ಬಾಳಿದ. ಅಹಮದನಗರದ ನಿಜಾಮಶಾಹನಿಗೂ ಚಿಕಿತ್ಸೆ ಮಾಡಿದ. ಗ್ರಂಥವಿರುವುದು ಸಂವಾದರೂಪದಲ್ಲಿ. ರುವಾನೋ ಎಂಬ ಕಲ್ಪಿತ ಪಂಡಿತ ಗ್ರೀಕ್ ಆಚಾರ್ಯರ ಮಾತನ್ನು ಮುಂದಿಡುತ್ತಾನೆ. ಓರ್ತಾ ತಾನು ಕಣ್ಣಾರೆ ಕಂಡುದನ್ನು ಹೇಳುತ್ತಾನೆ. ಮೆಣಸು, ಏಲಕ್ಕಿ, ಶುಂಠಿ, ಮಾವು, ದತ್ತೂರಿ ಮೊದಲಾದ ನಮ್ಮ ಪರಿಚಿತ ಗಿಡಮರಗಳೇ ಅಲ್ಲಿನ ವಿಷಯ. ವಾಂತಿಭೇದಿಯ ಲಕ್ಷಣಗಳನ್ನೂ ವಿವರಿಸಿದ್ದಾನೆ. ನಮ್ಮ ತಾರ್ಕಿಕರ ಭಾಷೆಯಲ್ಲಿ ಹೇಳುವುದಾದರೆ, ಅವನಿಗೆ ಶಬ್ದಕ್ಕಿಂತ ಪ್ರತ್ಯಕ್ಷವೇ ಹಿರಿಯ ಪ್ರಮಾಣ. 1567ರಲ್ಲಿ ಕ್ಲೂಸಿಯಸ್ ಇದನ್ನು ಲ್ಯಾಟಿನಿನಲ್ಲಿ ಸಂಗ್ರಹಿಸಿದ ಮೇಲೆ ಯುರೋಪಿನ ವಿದ್ವಾಂಸರು ಓದಿದರು.

ಮೂಲಿಕೆಗಳ ವಿಷಯದಲ್ಲಿ ನಿರ್ಭಯನಾದ ಈತ ತನ್ನ ವಿಷಯದಲ್ಲಿ ಮಾತ್ರ ಮೌನಿ. ಅವನದು ಬಲವಂತದಿಂದ ಕ್ರೈಸ್ತಮತಕ್ಕೆ ಸೇರಿಸಲ್ಪಟ್ಟ ಯಹೂದಿ ಮನೆತನ. 1560ರಲ್ಲಿ ಗೋವೆಗೆ ಇನ್‌ಕ್ವಿಜಿಷನ್ ಎಂಬ ಮತನ್ಯಾಯಾಲಯ ಬಂದಿತು. 1568ರಲ್ಲಿ ಓರ್ತಾ ತೀರಿಕೊಂಡ. ಮರುವರ್ಷ ಅವನ ಸಹೋದರಿ ಕತರೀನಾಳನ್ನು, ಯಹೂದಿ ಆಚರಣೆ ಬಿಟ್ಟಿಲ್ಲವೆಂದು, ಸುಟ್ಟರು. 1580ರಲ್ಲಿ ಅವನ ಎಲುಬುಗಳನ್ನೇ ಅಗೆದು ತೆಗೆದು ಸುಟ್ಟರು. ಗ್ರಂಥ ಮಾತ್ರ ಉಳಿಯಿತು.

ತರಗತಿಯಲ್ಲಿ ಮಕ್ಕಳು "ಪುಸ್ತಕದಲ್ಲಿ ಹೀಗಿದೆ" ಎಂದಾಗ "ನೀನು ಕಂಡೆಯಾ?" ಎಂದು ಕೇಳುವುದು ನನ್ನ ರೂಢಿ. ಆ ಸಣ್ಣ ಪ್ರಶ್ನೆಯನ್ನು ಅಂಜದೆ ಕೇಳಬಹುದಾದುದೇ ದೊಡ್ಡ ಭಾಗ್ಯವೆಂಬುದನ್ನು ನನಗೆ ಕಲಿಸಿದವನು ಈ ವೈದ್ಯ.